ಹಿರೋಳ್ಳಿಯ ಸೇರು, ಮಣ್ಣೂರಿನ ಸೇರು

ನನ್ನನ್ನು ಹಿರೋಳ್ಳಿಯಿಂದ ಮಣ್ಣೂರಿಗೆ ಕೊಟ್ಟರು. ಆಗ ನಮ್ಮದು ನಿಜಾಮನ ರಾಜ್ಯ. ಜಗತ್ತಿನ ಎರಡನೇ ಲಡಾಯಿ ಇನ್ನೂ ಶುರುವಾಗಿರಲಿಲ್ಲ. ಕಿಲೋ ಲೆಕ್ಕ ಬಂದದ್ದು ನನ್ನ ಮಕ್ಕಳ ಮದುವೆಯ ಹೊತ್ತಿಗೆ. ನಮ್ಮ ಕಾಲದಲ್ಲಿ ಹಳ್ಳಿಯವರು ಕಾಳನ್ನು ತೂಗುತ್ತಿರಲಿಲ್ಲ, ಸೇರಿನಲ್ಲಿ ಅಳೆಯುತ್ತಿದ್ದರು. ಸೇರು ಅಂದರೆ ಸೇರು, ಅಷ್ಟೇ. ಊರಿಂದೂರಿಗೆ ಅದು ದೊಡ್ಡದು ಸಣ್ಣದು ಆಗುತ್ತದೆಂದು ನನಗೆ ಯಾರೂ ಹೇಳಿರಲಿಲ್ಲ. ಆಳಂದ ಪೇಟೆಯ ಸೇರಿಗೂ ನಮ್ಮೂರಿನ ಸೇರಿಗೂ ಫರಕು ಇದೆಯೆಂದು ಅಪ್ಪನಿಗೇನೋ ಗೊತ್ತಿತ್ತು. ಆದರೆ ಬೀಗರ ಊರಿನದು ಹೇಗೋ ಏನೋ ಎಂದು ಮಾತುಕತೆಯ ದಿನ ಯಾರಿಗೂ ಹೊಳೆಯಲಿಲ್ಲ.

ವರದಕ್ಷಿಣೆ ಏನೂ ಇರಲಿಲ್ಲ. ಮದುವೆ ನಮ್ಮೂರಲ್ಲಿ. ಸೊಸೆಯನ್ನು ಮನೆ ತುಂಬಿಸಿಕೊಂಡ ಮೇಲೆ ಮಣ್ಣೂರಿನಲ್ಲಿ ಬಂಧುಬಳಗಕ್ಕೆಲ್ಲ ಹೋಳಿಗೆ ಊಟ. ಅದಕ್ಕೆ ಹೆಣ್ಣಿನ ಕಡೆಯಿಂದ ನಲವತ್ತು ಸೇರು ಗೋಧಿ ಹೋಗಬೇಕು. ಇಷ್ಟೇ ಮಾತು. ಅಪ್ಪ ಹೊರಸಿನ ಮೇಲೆ ಕೂತು ತಾನೇ ಅಳೆದ. ಮೊದಲ ಸೇರಿಗೆ ಎಲ್ಲರಂತೆ ‘ಲಾಭ’ ಅಂದು, ಆಮೇಲೆ ಎರಡು, ಮೂರು ಎಂದು ಎಣಿಸುತ್ತ, ಕೊನೆಗೆ ಕೈಗೆ ಬಂದಷ್ಟು ಒಂದು ಬೊಗಸೆ ಮೇಲೆ ಹಾಕಿ ಚೀಲದ ಬಾಯಿ ಹೊಲಿಸಿದ.

ಗಾಡಿ ನಮ್ಮ ಓಣಿಯ ಚಾಚಾನದು. ಅವನ ಎತ್ತುಗಳ ಕೊರಳಗೆಜ್ಜೆ ಕೇಳಿಯೇ ನಾನು ಬೆಳೆದವಳು. ನನಗಿಂತ ಐದಾರು ವರ್ಷ ದೊಡ್ಡವನಾದ ಅಣ್ಣ ಗೋಧಿಯ ಜೊತೆಗೆ ಬಂದ. ನಾನು ಗಂಡನ ಮನೆಯವರ ಗಾಡಿಯಲ್ಲಿ ಮುಂದೆ ಹೋದೆ. ಆಳಂದ ದಾಟಿ, ಅಫಜಲಪುರದ ಕಡೆ ಹೊರಳಿ, ದಾರಿಯಲ್ಲಿ ತಂಗಿ ತಂಗಿ ಮಣ್ಣೂರು ಸೇರಿದ್ದಾಯಿತು. ನಮ್ಮ ಹಿಂದೆಯೇ ಚಾಚಾನ ಗಾಡಿಯೂ ಬಂತು.

ಮನೆಯ ಅಂಗಳದಲ್ಲಿ ಹೆಂಗಸರು ತುಂಬಿದ್ದರು. ಅತ್ತೆಯ ಅಕ್ಕ, ನನಗೆ ದೊಡ್ಡತ್ತೆ, ಜೇವರ್ಗಿಯಿಂದ ಬಂದಿದ್ದರು. ಚೀಲ ಇಳಿಸುತ್ತಿದ್ದ ಹಾಗೆ ಅವರು, “ಅಳದ ಒಳಗ ಹಾಕ್ರಿ. ಆಮ್ಯಾಲ ಒಂದು ಮಾತು ಬರೋದು ಬ್ಯಾಡ,” ಅಂದರು. ಅತ್ತೆಗೆ ಮನಸ್ಸಿರಲಿಲ್ಲ. ಆದರೂ ಅಕ್ಕನ ಮಾತು ತೆಗೆಯಲಾರದೆ ಒಳಗಿನಿಂದ ಸೇರು ತರಿಸಿದರು. ಕಂಬಳಿ ಹಾಸಿ ಗೋಧಿ ಸುರುವಿದರು. ದೊಡ್ಡತ್ತೆಯೇ ಅಳೆಯಲು ಕೂತರು. ಲಾಭ, ಎರಡು, ಮೂರು. ಕೂತವರೆಲ್ಲ ಅವರ ಜೊತೆ ಬಾಯಲ್ಲೇ ಎಣಿಸುತ್ತಿದ್ದರು. ನಾನು ಬಾಗಿಲ ಬದಿಗೆ ಸೆರಗು ಹೊದ್ದು ಕೂತಿದ್ದೆ. ಮೂವತ್ತು ದಾಟುವಾಗಲೇ ಕಂಬಳಿಯ ನೂಲು ಕಾಣತೊಡಗಿತು. ಮೂವತ್ನಾಲ್ಕಕ್ಕೆ ಗೋಧಿ ಮುಗಿಯಿತು.

ದೊಡ್ಡತ್ತೆ ಖಾಲಿ ಸೇರನ್ನು ಬೋರಲು ಹಾಕಿ, “ಸೊಸಿ ಏನ ಪೂರಾ ಬಂದಾಳೇನ್ ಬೇ, ಇಲ್ಲ ಆಕೀನೂ ಕಮ್ಮಿ ಬಂದಾಳ?” ಅಂದರು. ಅಂಗಳ ನಕ್ಕಿತು. ನಾನು ತಲೆ ಎತ್ತಲಿಲ್ಲ. ನನ್ನ ಕೈಯ ಹಸಿರು ಬಳೆಗಳನ್ನೇ ನೋಡುತ್ತಿದ್ದೆ. ನಮ್ಮ ಅಪ್ಪ ಬೊಗಸೆ ಮೇಲೆ ಹಾಕಿದ್ದನ್ನು ನಾನು ಕಣ್ಣಾರೆ ಕಂಡಿದ್ದೆ. ಆದರೆ ಅಂದು ತಾನೇ ಹೊಸ್ತಿಲು ದಾಟಿದ ಸೊಸೆ ಬಾಯಿ ತೆರೆಯುವ ಹಾಗಿರಲಿಲ್ಲ.

ಅಣ್ಣನ ಮುಖ ಕಪ್ಪಿಟ್ಟಿತು. “ನಮ್ಮಪ್ಪ ಪೂರಾ ಅಳದಾನ್ರಿ,” ಅಂದ. ಅದನ್ನೇ ಇನ್ನೊಮ್ಮೆ ಅಂದ. ಯಾರೂ ನಂಬಿದ ಹಾಗೆ ಕಾಣಲಿಲ್ಲ. ಆಮೇಲೆ, ಅಪ್ಪನ ಮರ್ಯಾದೆ ಉಳಿದರೆ ಸಾಕೆಂದೋ ಏನೋ, “ದಾರ್ಯಾಗ ನಾ ಮಲಗಿದ್ದೆ. ಗಾಡಿ ಕಾಯಾಕತ್ತಿದ್ದು ಚಾಚಾ,” ಅಂದುಬಿಟ್ಟ.

ಚಾಚಾ ಎತ್ತಿಗೆ ನೀರು ಕುಡಿಸಿ ಆಗಷ್ಟೇ ಒಳಗೆ ಬರುತ್ತಿದ್ದ. ಎಲ್ಲರೂ ತನ್ನನ್ನೇ ನೋಡುವುದು ಕಂಡು ನಿಂತ. ಇಬ್ಬರು ಗಂಡಸರು ಹೊರಗೆ ಹೋಗಿ ಗಾಡಿಯೊಳಗೆ ಎತ್ತಿನ ಮೇವಿಗೆ ಹಾಕಿದ್ದ ಕಣಿಕಿಯನ್ನೆಲ್ಲ ಎಳೆದು ಕೆಳಗೆ ಹಾಕಿದರು. ಅವನ ಹಾಸಿಗೆಯನ್ನು ಬಿಚ್ಚಿ ಝಾಡಿಸಿದರು. ರೊಟ್ಟಿ ಗಂಟನ್ನೂ ಬಿಡಲಿಲ್ಲ. ಏನೂ ಸಿಗಲಿಲ್ಲ. “ದಾರ್ಯಾಗ ಮಾರಿರಬೇಕು,” ಎಂದು ಯಾರೋ ಅಂದರು. ಚಾಚಾ ಆಣೆ ಮಾಡಲಿಲ್ಲ, ಜಗಳ ತೆಗೆಯಲಿಲ್ಲ. ಒಂದೊಂದೇ ಹಿಡಿ ಕಣಿಕಿ ಎತ್ತಿ ಗಾಡಿಗೆ ಹಾಕಿಕೊಂಡ. ಊಟಕ್ಕೆ ಕರೆದರೆ, “ಬ್ಯಾಡ್ರಿ,” ಅಂದ. ಅಣ್ಣನೂ ಉಣ್ಣಲಿಲ್ಲ. ಇಬ್ಬರೂ ಅದೇ ಗಾಡಿಯಲ್ಲಿ, ಒಬ್ಬ ಮುಂದೆ ಒಬ್ಬ ಹಿಂದೆ ಕೂತು ಹೊರಟರು. ಅಷ್ಟು ದೂರದ ದಾರಿಯನ್ನು ಅವರು ಹೇಗೆ ಕಳೆದರೋ.

ಊಟ ನಡೆಯಿತು. ಕಡಿಮೆ ಬಿದ್ದ ಗೋಧಿಯನ್ನು ಅತ್ತೆ ತಮ್ಮ ಮನೆಯ ಕಾಳಿನ ಹಗೇವಿನಿಂದ ತೆಗೆಸಿದರು. ಆಮೇಲೆ ಆ ಮಾತು ಅವರು ಎತ್ತಲಿಲ್ಲ. ಆದರೆ ಹೊಳೆಗೆ ನೀರಿಗೆ ಹೋದರೆ, “ಮೂವತ್ನಾಕ ಸೇರ ಬಂದಳು ನೋಡ್ರಿ,” ಎನ್ನುವುದು ಕಿವಿಗೆ ಬೀಳುತ್ತಿತ್ತು. ಭೀಮೆಯ ದಂಡೆಯಲ್ಲಿ ಬೇರೆಯವರು ತುಂಬಿಕೊಂಡು ಹೋಗುವ ತನಕ ನಾನು ದೂರ ನಿಲ್ಲುತ್ತಿದ್ದೆ.

ರಾಶಿ ಮುಗಿದ ಮೇಲೆ ಒಂದು ಮಧ್ಯಾಹ್ನ ಅಪ್ಪ ಬಂದ. ಹೆಗಲ ಮೇಲಿನ ಗಂಟಿನಲ್ಲಿ ನಮ್ಮ ಮನೆಯ ಸೇರು ಇತ್ತು. ಅಣ್ಣ ಹೇಳಿದ್ದನ್ನು ಕೇಳಿದಾಗಿನಿಂದ ಅವನು, ‘ಅವರ ಸೇರು ಎಷ್ಟಗಲ ಇತ್ತು, ಎಷ್ಟೆತ್ತರ ಇತ್ತು’ ಎಂದು ಕೇಳಿ ಕೇಳಿ ಅಣ್ಣನನ್ನು ಸಾಕು ಮಾಡಿದ್ದನಂತೆ. ಅತ್ತೆ ಕೊಟ್ಟ ನೀರು ಕುಡಿದು, “ಅಕ್ಕಾರ, ನಿಮ್ಮ ಸೇರ ಒಂದೀಟ ತರ್ತೀರೇನ್ರಿ,” ಅಂದ. ನಮ್ಮ ಸೇರಿನ ತುಂಬ ಜೋಳ ತುಂಬಿ ಅವರ ಸೇರಿಗೆ ಸುರುವಿದ. ಬಾಯಿಯಿಂದ ಎರಡು ಬೆರಳು ಖಾಲಿ ಉಳಿಯಿತು. ಇನ್ನೊಮ್ಮೆ ಸುರುವಿದ. ಮತ್ತೂ ಅಷ್ಟೇ.

“ಸೊಲ್ಲಾಪುರದ ಕಡೆ ಒಂದು, ಆಳಂದ ಪ್ಯಾಟ್ಯಾಗ ಒಂದು, ಹೊಳಿ ದಂಡಿಗೆ ಒಂದು,” ಅಂದ ಅಪ್ಪ. “ಸೇರಿನ ಹೆಸರಷ್ಟ ಒಂದ ಐತ್ರಿ. ಮಾತಿನ ದಿನಾನ ಯಾವ ಸೇರಂತ ನಾ ಕೇಳಬೇಕಿತ್ತು.”

ಅತ್ತೆ ಸೆರಗನ್ನು ಬಾಯಿಗೆ ಹಿಡಿದು ಕೂತರು. ನಾನು ಅಂದು ಕೂತಿದ್ದ ಹಾಗೆಯೇ ತಲೆ ತಗ್ಗಿಸಿ ಕೂತಿದ್ದರು. “ತಪ್ಪಾತ್ರಿ ಬೀಗ್ರ,” ಅಂದರು. “ಅಂಗಳದಾಗ ಮಂದಿ ಮುಂದ ಅಳಸಿದೆ. ಈಗ ಯಾರ ಮುಂದ ಹೇಳ್ಲಿ?”

“ನಮ್ಮದೇನೂ ಇಲ್ರಿ,” ಅಂದ ಅಪ್ಪ. “ಆ ಗಾಡಿ ಹೊಡದವಗ ಏನ್ ಹೇಳಬೇಕು, ಅದಾ ತಿಳೀವಲ್ದು.”

ಅವಮಾನ ನನ್ನೊಬ್ಬಳದೇ ಎಂದು ತಿಂಗಳುಗಟ್ಟಲೆ ಅಂದುಕೊಂಡಿದ್ದೆ. ಅಪ್ಪ ಹಾಗೆ ಅಂದಾಗಲೇ ಚಾಚಾ ನೆನಪಾದ. ಅವನ ಹಾಸಿಗೆ ಝಾಡಿಸಿದ್ದು ನನ್ನ ಮದುವೆಯ ಗೋಧಿಗಾಗಿ.

ಚೊಚ್ಚಲ ಹೆರಿಗೆಗೆ ಕರೆದೊಯ್ಯಲು ಚಾಚಾನೇ ಬಂದ, ನನ್ನ ತಾಯಿಯನ್ನು ಕರೆದುಕೊಂಡು. ಅಣ್ಣ ಬಂದಿರಲಿಲ್ಲ. ಅತ್ತೆ ತಾವೇ ರೊಟ್ಟಿ ಬಡಿದು ಚಾಚಾನ ಮುಂದಿಟ್ಟರು. “ಉಣ್ರಿ ಚಾಚಾ,” ಅಂದರು. ಅವನು ಉಂಡ. ದಾರಿಯಲ್ಲಿ ನಾನು, “ಸೇರ ಬ್ಯಾರೆ ಇತ್ತಂತ ಚಾಚಾ, ಗೊತ್ತಾತಲ್ಲ?” ಅಂದೆ.

“ಗೊತ್ತಾತು ಬೇಟಿ. ನಿಮ್ಮಪ್ಪ ಮನೀಗಿ ಬಂದು ಹೇಳ್ಯಾನ,” ಅಂದ. ಸ್ವಲ್ಪ ದೂರ ಹೋದ ಮೇಲೆ, ಎತ್ತುಗಳ ಕಡೆ ನೋಡುತ್ತಲೇ, “ಅವತ್ತ ಕಣಿಕಿ ತೆಗಿಯೋ ಮುಂದ ನಿಮ್ಮಣ್ಣ ನನ್ನ ಮಾರಿ ನೋಡಲಿಲ್ಲ. ಸಣ್ಣಾಂವ ಇದ್ದಾಗ ಇದ ಗಾಡ್ಯಾಗ ಆಡಿದ ಹುಡುಗ,” ಅಂದ. ತಾಯಿ ಸೆರಗಿನಿಂದ ಕಣ್ಣೊರೆಸಿಕೊಂಡಳು.

ಅಣ್ಣ ಕೊನೆಯ ತನಕ ಬಾಯಿಬಿಟ್ಟು ಕ್ಷಮೆ ಕೇಳಲಿಲ್ಲ. ಕೇಳುವ ಗಂಡಸಲ್ಲ ಅವನು. ಸುಗ್ಗಿಯಲ್ಲಿ ಗಾಡಿ ಹೊಡೆದದ್ದಕ್ಕೆ ಚಾಚಾನಿಗೆ ಕಣದಲ್ಲೇ ಜೋಳ ಅಳೆದು ಕೊಡುವ ರೂಢಿ ಇತ್ತು. ಅಣ್ಣ ಪ್ರತಿ ಸೇರನ್ನೂ ಗೋಪುರ ಬರುವಂತೆ ತುಂಬುತ್ತಿದ್ದನಂತೆ. ಚಾಚಾ ಅಂಗೈಯಿಂದ ಸವರಿ, ಮೇಲಿನ ಕಾಳನ್ನು ರಾಶಿಗೆ ಕೆಡವಿ, ಅಂಚಿನಷ್ಟನ್ನು ಮಾತ್ರ ತನ್ನ ಚೀಲಕ್ಕೆ ಹಾಕಿಕೊಳ್ಳುತ್ತಿದ್ದನಂತೆ.