ಹಾಜರಿ ಎಂದುಕೊಂಡ ಸಹಿ

ಇದು ಅರಸೀಕೆರೆಯ ತಾಲ್ಲೂಕು ಕಚೇರಿಯಲ್ಲಿ ನಡೆದದ್ದು. ಬೆಳಗಿನ ಬಸ್ಸಿಗೆ ಬಾಣಾವರದಿಂದ ಅಕ್ಕನೂ ನಾನೂ ಬಂದೆವು. ನಮ್ಮ ಬುಡಕಟ್ಟಿನ ಹಿರಿಯರನ್ನು ಹೂಳಿದ ಜಮೀನನ್ನು ಸರ್ಕಾರ ಕಾರ್ಖಾನೆಗೆ ಕೇಳುತ್ತಿದೆ. ನಮ್ಮ ಮನೆಗಳವರು ಯಾರೂ ಒಪ್ಪಿಲ್ಲ ಎಂದು ಅಕ್ಕ ಹೇಳಿದಳು. ಅಧಿಕಾರಿ ಕಡತದಿಂದ ಒಂದು ಹಾಳೆ ತೆಗೆದರು.

“ಒಪ್ಪಿಗೆ ಪತ್ರಕ್ಕೆ ನಿಮ್ಮ ತಮ್ಮ ಸಹಿ ಹಾಕಿದ್ದಾರಲ್ಲಮ್ಮ.”

ನಮ್ಮ ಕೂಟದಲ್ಲಿ ಹೆಸರು ಹೇಳದೆ ಯಾರೂ ಕೂರುವಂತಿಲ್ಲ. ಹೋದ ತಿಂಗಳು ಈ ಜಮೀನಿನ ಬಗ್ಗೆ ಕರೆದಿದ್ದ ಸರ್ಕಾರದ ಸಭೆಯಲ್ಲೂ ಹಾಗೇ, ಹಾಜರಿಗೆ ಎಂದುಕೊಂಡು, ಕೊಟ್ಟ ಹಾಳೆಯಲ್ಲಿ ಹೆಸರು ಬರೆದು ಕೂತಿದ್ದೆ. ಅದೇನೆಂದು ತಿಳಿದ ಮೇಲೂ ಅಕ್ಕನಿಂದ ಮುಚ್ಚಿಟ್ಟೆ. ಈಗ ಅವರಿಬ್ಬರ ಮುಂದೆ ಎಲ್ಲ ಹೇಳಿದೆ.

ಅಕ್ಕ ನನ್ನ ಕಡೆ ನೋಡಲಿಲ್ಲ. “ಇವ್ನಿಗೆ ಹೆಸ್ರು ಬರಿಯೋದು ಕಲಿಸ್ದೋಳು ನಾನೇ ಸಾರ್. ಓದೋದು ಕಲಿಸೋ ಹೊತ್ಗೆ ಸ್ಕೂಲ್ ಬಿಟ್ಟು ಓಡ್ದ.”

ಅಧಿಕಾರಿ ನಕ್ಕರು. “ಜಂಟಿ ಜಮೀನು. ಎಲ್ಲರೂ ಒಪ್ಪದೆ ತಗೊಳ್ಳೋಕಾಗಲ್ಲ. ಇವರ ಸಹಿನೂ ವಾಪಸ್ ತಗೋಬಹುದು.”

ಎದೆ ಹಗುರವಾಯಿತು. ಗುಮಾಸ್ತರು ಬರೆದುಕೊಟ್ಟ ಅರ್ಜಿಗೆ ಸಹಿ ಹಾಕಲು ಪೆನ್ನು ಎತ್ತಿದೆ. ಅಕ್ಕ ಹಾಳೆಯ ಮೇಲೆ ಅಂಗೈ ಊರಿದಳು.

“ತಡಿಯೋ. ಓದ್ತೀನಿ, ಕೇಳಿಸ್ಕೋ.”

ನಮ್ಮ ಹಿಂದೆ ಸಾಲು ಬೆಳೆಯುತ್ತಿದ್ದರೂ ಒಂದೊಂದು ಪದಕ್ಕೂ ಬೆರಳಿಟ್ಟು ಓದಿದಳು. ಕೊನೆಗೆ ಕೈ ತೆಗೆದು, “ಈಗ ಬರಿ” ಎಂದಳು.