ಲವ್ರೆಂತಿಯ ಹೆಸರಿನಲ್ಲಿ

ರಷ್ಯಾದ ವ್ಲಾದಿವೊಸ್ತೋಕ್ ಬಂದರಿನ ಹಿಂದಿನ ಸಂತೆಯಲ್ಲಿ, ಕಾರಿನ ಬಿಡಿಭಾಗ ಮಾರುವವರ ನಡುವೆ ರಿಮ್ಮಾ ಅರ್ಕಾದ್ಯೆವ್ನಾಳ ಗೂಡಂಗಡಿ. ನಾವಿಕರು ಜಪಾನಿನಿಂದ ತರುವ ಹಳೆಯ ದೆವ್ವದ ಗೇಮ್‌ಗಳನ್ನು ಗಿರಾಕಿಗಳ ಕಂಪ್ಯೂಟರಿಗೆ ಹಾಕಿಕೊಡುವುದು ಅವಳ ಕಸುಬು. ಮೊದಲು, ನೀನಿರುವುದು ಜಪಾನಿನಲ್ಲೇ ಎಂದು ಕಂಪ್ಯೂಟರನ್ನು ನಂಬಿಸಬೇಕು. ಆಮೇಲೆ ಡಿಸ್ಕಿನ ಡಬ್ಬಿಯೊಳಗಿನ ಚೀಟಿಯ ನಂಬರು ಒತ್ತಿ ಗೇಮಿನ ಬೀಗ ತೆಗೆಯಬೇಕು, ಅದೇ ಆಕ್ಟಿವೇಷನ್. ಒಂದು ಡಿಸ್ಕಿಗೆ ಎರಡೇ ಸಲ. ಅದು ಮುಗಿದರೆ ಡಿಸ್ಕು ಚಹಾ ಲೋಟದಡಿ ಇಡಲಷ್ಟೇ ಲಾಯಕ್ಕು. ಗೇಮ್ ಶುರುವಾದೊಡನೆ ರಿಮ್ಮಾ ಕುರ್ಚಿ ತಿರುಗಿಸಿ ಗೋಡೆ ನೋಡುತ್ತಾಳೆ. ದೆವ್ವವೆಂದರೆ ಅವಳು ಮಹಾ ಪುಕ್ಕಲು.

ಆಕ್ಟಿವೇಷನ್ ಹೊತ್ತಿನಲ್ಲಿ ಆಟಗಾರನ ಹೆಸರನ್ನು ಜಪಾನಿ ಲಿಪಿಯಲ್ಲೇ ಕೊಡಬೇಕು. ಆ ಲಿಪಿಯಲ್ಲಿ ಅವಳಿಗೆ ಬರುತ್ತಿದ್ದದ್ದು ಒಂದೇ ಹೆಸರು, ಹಡಗಿನ ರೇಡಿಯೋ ನೋಡಿಕೊಳ್ಳುತ್ತಿದ್ದ ಗಂಡ ಲವ್ರೆಂತಿ ಕಲಿಸಿದ ಅವನದೇ ಹೆಸರು. ಏಳು ವರ್ಷದ ಹಿಂದೆ ಹೋದ ಹಡಗು ಬರಲಿಲ್ಲ, ಹೆಣವೂ ಸಿಗಲಿಲ್ಲ. ರಿಮ್ಮಾ ವಿಧವೆಯರ ಕಪ್ಪು ಬಟ್ಟೆ ತೊಡಲಿಲ್ಲ. ಊರಿನ ಅರವತ್ತು ಕಂಪ್ಯೂಟರುಗಳಲ್ಲಿ ಗಂಡನ ಹೆಸರು ಬರೆದಳು.

ಒಂದು ಬೆಳಿಗ್ಗೆ, ಹಡಗುಗಳನ್ನು ಎಳೆಯುವ ಟಗ್ ದೋಣಿಯ ಮೆಕ್ಯಾನಿಕ್ ಸವೇಲಿ ತನ್ನ ಕಂಪ್ಯೂಟರನ್ನು ಕಂಕುಳಲ್ಲಿ ಹೊತ್ತು ಬಂದ.

"ತಾಯೀ, ಗೇಮಲ್ಲಿರೋ ಈ ಹೆಸರು ತೆಗ್ದು ನನ್ನ ಹೆಸರು ಹಾಕಿ. ಓದಿ ಹೇಳಿದ್ದಕ್ಕೆ ಹೆಂಡ್ತಿ ಯಾರೋ ಅವ್ನು ಅಂತ ಜೀವ ತಿಂತಿದಾಳೆ."

"ಹಾಗಾದ್ರೆ ಮತ್ತೆ ಆಕ್ಟಿವೇಷನ್ ಆಗ್ಬೇಕು. ಉಳಿದಿರೋದು ಒಂದೇ ಸಲ. ನಾಳೆ ಮಷೀನು ಕೆಟ್ರೆ ನನ್ನ ಬೈಬೇಡ."

"ಕೆಟ್ರೆ ಕೆಡ್ಲಿ, ಹಾಕಿ."

ಅಳಿಸುವ ಮುಂಚೆ ಒಮ್ಮೆ ಗೇಮ್ ನಡೆಸಿ ನೋಡೋಣವೆಂದು ರಿಮ್ಮಾಗೆ ಅನಿಸಿತು. ಈ ಸಲ ಕುರ್ಚಿ ತಿರುಗಿಸಲಿಲ್ಲ. ಪರದೆಯ ಮೇಲೆ ಕತ್ತಲ ಹಜಾರ. ಕೂದಲು ಕೆದರಿದ ದೆವ್ವದ ಹೆಂಗಸೊಬ್ಬಳು ಆಟಗಾರನನ್ನು ಹುಡುಕುತ್ತ ಒಂದೊಂದೇ ಬಾಗಿಲು ತೆರೆದು ಇಣುಕುತ್ತಿದ್ದಳು. ಕೆಳಗೆ ಮೂಡಿದ ಸಾಲಿನಲ್ಲಿ ರಿಮ್ಮಾಗೆ ಗುರುತು ಸಿಕ್ಕಿದ್ದು ಆ ಹೆಸರೊಂದೇ.

"ಏನಂತಾಳೋ?"

ಟಗ್ ಸೇರುವ ಮುಂಚೆ ಜಪಾನಿನಿಂದ ಕಾರು ತಂದು ತಂದು ಸವೇಲಿಗೆ ಆ ಭಾಷೆ ಅಷ್ಟಿಷ್ಟು ಬರುತ್ತಿತ್ತು. "ಲವ್ರೆಂತಿ, ಎಲ್ಲಿದ್ದೀಯಾ ಅಂತಾಳೆ. ಬಾಗಿಲು ತೆಗೆದಾಗೆಲ್ಲ ಅದೇ ಮಾತು."

"ಪಾಪ," ಅಂದಳು ರಿಮ್ಮಾ. "ನನ್ನ ಯಜಮಾನ್ರು ಕಣೋ. ನಾನೂ ಏಳು ವರ್ಷದಿಂದ ಅದನ್ನೇ ಕೇಳ್ತಿದೀನಿ."

ಆದರೂ ಅವಳು ಮಾತಿಗೆ ತಪ್ಪುವ ಹೆಂಗಸಲ್ಲ. ಚೀಟಿ ತೆಗೆದು ನಂಬರು ಒತ್ತತೊಡಗಿದಳು. ಸವೇಲಿ ಕೈ ಅಡ್ಡ ಇಟ್ಟು ವೈರು ಕಿತ್ತ.

"ಇರ್ಲಿ ಬಿಡಿ, ಹೆಂಡ್ತಿಗೆ ನಾನು ಹೇಳ್ಕೋತೀನಿ. ಆ ದೆವ್ವ ಇನ್ನೂ ಮೂರು ಬಾಗ್ಲು ನೋಡೋದಿದೆ. ನಿಮ್ಮ ಯಜಮಾನ್ರು ಸಿಕ್ರೆ ಏನಂತ ಹೇಳ್ಲಿ?"

ರಿಮ್ಮಾ ಚೀಟಿ ಮಡಚಿ ಡಬ್ಬಿಯೊಳಗಿಟ್ಟಳು.

"ಸೂಪು ಆರ್ತಿದೆ ಅನ್ನು."