ನನ್ನ ಹೆಸರಿನ ಸೀಗಡಿ

ಅಸ್ಥಿಪಂಜರ ಸೀಗಡಿಯನ್ನು ಕಂಡವರು ಕಡಿಮೆ. ಮುಂಬಯಿಯ ಫೋರ್ಟ್ ಕಡೆಯ ಧಕ್ಕೆಯಲ್ಲಿ ದೋಣಿ ಕಟ್ಟುವ ಹಗ್ಗವನ್ನು ಬಕೆಟ್ಟಿನೊಳಗೆ ಜಾಡಿಸಿದರೆ ಉದುರುತ್ತದೆ. ಉಗುರಿನಷ್ಟುದ್ದ, ಕಡ್ಡಿಯಂಥ ಮೈ, ಕೊಂಡಿಯಂಥ ಎರಡು ದೊಡ್ಡ ಮುಂಗೈ. ಹೆಸರಿಗಷ್ಟೇ ಸೀಗಡಿ. ಒಂದು ಕಾಲಕ್ಕೆ ಬೇರೆ ಮನೆ ಹೂಡಿದ್ದ ಈ ವಂಶವನ್ನು, ಜೀವಿಗಳನ್ನು ವಿಂಗಡಿಸುವ ಪಂಡಿತರು ಮತ್ತೆ ದಾಯಾದಿಗಳ ಜೊತೆ ಕೂಡಿಸಿ, ಬರೀ ಒಂದು ಕುಟುಂಬ ಮಾಡಿಟ್ಟಿದ್ದಾರೆ.

ನಾನೂ ನನ್ನ ಗೆಳತಿಯೂ ಸಯನ್ನಿನ ಕಾಲೇಜೊಂದರಲ್ಲಿ ಒಂದೇ ಮೇಜಿಗೆ ಕೂತು ಇವುಗಳ ಕಾಲು ಬಿಡಿಸುತ್ತ ವಯಸ್ಸು ಕಳೆದೆವು. ಅವಳು ವಿಜಯಪುರದವಳು, ನಾನು ಧಾರವಾಡದವಳು. ಕಡಲು ಕಂಡಿದ್ದೇ ಮುಂಬಯಿಗೆ ಬಂದ ಮೇಲೆ. ನಮ್ಮ ಕಸುಬಿನಲ್ಲೊಂದು ಮರ್ಯಾದೆ ಇದೆ: ಹೊಸ ಜಾತಿ ಸಿಕ್ಕರೆ ಅದಕ್ಕೆ ತನ್ನ ಹೆಸರನ್ನು ತಾನೇ ಇಡುವಂತಿಲ್ಲ. ಹಾಗಾಗಿ ನಮ್ಮಲ್ಲಿ ಮಾತಾಗಿತ್ತು. ಯಾರಿಗೆ ಸಿಕ್ಕರೂ ಇನ್ನೊಬ್ಬಳ ಹೆಸರು.

ಸಿಕ್ಕಿದ್ದು ಅವಳಿಗೆ. ಮಾತಿಗೆ ತಪ್ಪದೆ ನನ್ನ ಹೆಸರನ್ನೇ ಇಟ್ಟಳು. ವಿಭಾಗದಲ್ಲಿ ಪೇಢೆ ಹಂಚಿದರು. ನನಗೆ ಹೊಟ್ಟೆ ಉರಿದುಹೋಯಿತು. ಹೆಸರು ನನ್ನದಾದರೇನು, ಕಂಡುಹಿಡಿದವಳೆಂದು ಅದರ ಬೆನ್ನಿಗೆ ಸದಾ ನಿಲ್ಲುವುದು ಅವಳ ಹೆಸರು. ಹೆತ್ತವಳು ಅವಳು, ಕೂಸಿಗೆ ಹೆಸರಷ್ಟೇ ಕೊಟ್ಟವಳು ನಾನು. ಅದೇ ಹಗ್ಗ, ಅದೇ ಬಕೆಟ್ಟು, ನನ್ನ ಕಣ್ಣಿಗೇನು ಮಣ್ಣು ಬಿದ್ದಿತ್ತೇ?

ಹೋದ ಚಳಿಗಾಲ ಅದೇ ಹಗ್ಗದಲ್ಲಿ, ಪೊರೆ ಬಿಡುತ್ತಿದ್ದ ಒಂದು ಗಂಡು ನನಗೆ ಸಿಕ್ಕಿತು. ಹಳೆಯ ಪೊರೆಯಲ್ಲಿ ಅವಳು ಹೆಸರಿಟ್ಟ ಜಾತಿಯ ಗುರುತೇ ಇತ್ತು, ಹಲ್ಲಿಲ್ಲದ ನುಣುಪು ಮುಂಗೈ. ಒಳಗೆ ಮೂಡುತ್ತಿದ್ದ ಹೊಸ ಮುಂಗೈಯಲ್ಲಿ ಮಾತ್ರ ಸ್ಪಷ್ಟವಾಗಿ ಒಂದು ಹಲ್ಲು. ಅಂದರೆ ಅವಳ ಹೊಸ ಜಾತಿ ಹೊಸದೇ ಅಲ್ಲ, ಎಲ್ಲರಿಗೂ ಗೊತ್ತಿದ್ದ ಹಳೆಯ ಜಾತಿಯ ಎಳೆಯ ಗಂಡು. ನಾನು ಬರೆದು ಪ್ರಕಟಿಸಿದರೆ ಅವಳ ಶೋಧ ರದ್ದು. ಅದರ ಜೊತೆಗೆ ನನ್ನ ಹೆಸರೂ ರದ್ದು. ಎದುರಿನವರಿಗೆ ಅಪಶಕುನವಾಗಲೆಂದು ಮೂಗು ಕೊಯ್ದುಕೊಂಡವರ ಮಾತು ಕೇಳಿ ಚಿಕ್ಕಂದಿನಲ್ಲಿ ನಕ್ಕಿದ್ದೆ. ಈಗ ಚೂರಿ ನನ್ನ ಕೈಯಲ್ಲೇ ಇತ್ತು.

ಫೋನಿನಲ್ಲಿ ಹೇಳಬಹುದಿತ್ತು. ಆದರೆ ಅವಳ ಮುಖ ಬಾಡುವುದನ್ನು ಕಣ್ಣಾರೆ ನೋಡಬೇಕೆಂದು ವಿಕ್ರೋಳಿಯ ಅವಳ ಮನೆಗೇ ಹೋದೆ. ಅವಳು ಚಹಾ ಸೋಸುವುದನ್ನು ನಿಲ್ಲಿಸಿ ನಾನು ಬರೆದ ಚಿತ್ರ ನೋಡಿದಳು.

"ಹೌದಲ್ಲ! ಹಲ್ಲು ಖರೇನ ಐತಿ. ಬರದು ಕಳಸು," ಎಂದಳು.

"ನಿನ್ನ ಶೋಧ ಹೋಗ್ತದಲ್ಲ?"

"ಹೋಗ್ಲಿ ಬಿಡು. ನಿನ್ನ ಹೆಸರು ಹೋತಲ್ಲ, ಅಷ್ಟ ಬ್ಯಾಸರ. ಟೆನ್ಷನ್ ತಗೋಬ್ಯಾಡ, ಇನ್ನೊಂದು ಹೊಸಾದು ಸಿಕ್ಕೈತಿ ನನಗ. ಅದಕ್ಕೂ ನಿಂದ ಇಡ್ತೀನಿ."

ಚಹಾ ಕೊಟ್ಟಳು. ಹಾಳಾದ್ದು, ಅದೂ ನನ್ನದಕ್ಕಿಂತ ಚೆನ್ನಾಗಿತ್ತು.